ಫಾಕ್ನರ್ ಮೆಲ್ಬರ್ನ್‌ಗೆ ಬಂದದ್ದು ಆಗಸ್ಟೋ, ಅಕ್ಟೋಬರೋ?

ಮೆಲ್ಬರ್ನ್ ಊರು ಕಟ್ಟಿದವರಲ್ಲಿ ಒಬ್ಬನಾದ ಫಾಕ್ನರ್ ಬಗ್ಗೆ ಬರೆಯುವಾಗ ಒಂದು ಕಡೆ ಆಗಸ್ಟ್, ಇನ್ನೊಂದು ಕಡೆ ಅಕ್ಟೋಬರ್ ಸಿಕ್ಕಿತು ಅಂತ ಕೇಳಿದ್ದೀರಿ. ಬಹುಶಃ ಆಗಸ್ಟ್ ಅಂತ ಬರೆದವರು ಹಡಗು ಬಂದ ದಿನವನ್ನೂ ಅದರ ಯಜಮಾನ ಬಂದ ದಿನವನ್ನೂ ಒಂದೇ ಮಾಡಿದ್ದಾರೆ. ಮೊದಲು ಅವೆರಡನ್ನೂ ಬೇರೆ ಮಾಡಿ. ಜಾನ್ ಪ್ಯಾಸ್ಕೋ ಫಾಕ್ನರ್ ಕೊಂಡಿದ್ದ ‘ಎಂಟರ್‌ಪ್ರೈಜ್’ ಹಡಗು 1835ರ ಆಗಸ್ಟ್ 30ಕ್ಕೆ ಮೆಲ್ಬರ್ನ್‌ನ ಯಾರಾ ನದಿ ದಡ ಸೇರಿತು. ಸಾಲ ಕೊಟ್ಟವರು ತಡೆದಿದ್ದರಿಂದ ಫಾಕ್ನರ್ ಟಾಸ್ಮೇನಿಯಾದಲ್ಲೇ ಉಳಿದ. ಬಂದದ್ದು ಅಕ್ಟೋಬರ್‌ನಲ್ಲಿ. ಹಾಗಾಗಿ ಎರಡೂ ತಾರೀಖು ಬರೆಯಿರಿ, ಯಾವುದು ಯಾರದ್ದು ಅಂತ ಹೇಳಿ.

ಆಮೇಲೆ ವ್ಯಾಪಾರ. ಹೋಟೆಲ್ ನಡೆಸಿದ, 1838ರ ಜನವರಿ 1ರಂದು ಪತ್ರಿಕೆ ಶುರು ಮಾಡಿದ. ಅಚ್ಚಿನ ಯಂತ್ರ ಇಲ್ಲದೆ ಮೊದಲ ಸಂಚಿಕೆಗಳನ್ನು ಕೈಯಲ್ಲೇ ಬರೆದು ಹಂಚಿದ! ಇದನ್ನು ಬಿಡಲೇಬೇಡಿ.

ರಾಜಕೀಯಕ್ಕೆ ಒಂದು ಸಾಲು ಸಾಕು: 1851ರಿಂದ 1869ರಲ್ಲಿ ಸಾಯುವವರೆಗೂ ವಿಕ್ಟೋರಿಯಾದ ಲೆಜಿಸ್ಲೇಟಿವ್ ಕೌನ್ಸಿಲ್ (ಶಾಸನ ಪರಿಷತ್ತು) ಸದಸ್ಯ.

ಕೊನೆಗೆ ಆಸ್ಟ್ರೇಲಿಯಾದ ಹಳೆ ಪತ್ರಿಕೆಗಳು ಸಿಗುವ ‘ಟ್ರೋವ್’ ಜಾಲತಾಣದಲ್ಲಿ 1835ರ ಪತ್ರಿಕೆಗಳನ್ನು ತಾಳೆ ನೋಡಿ. ಹಡಗಿನ ಇಂಗ್ಲಿಷ್ ಹೆಸರನ್ನು ‘ಝಡ್’, ‘ಎಸ್’ ಎರಡೂ ಹಾಕಿ (Enterprize, Enterprise) ಹುಡುಕಿ.