ಸ್ವಲ್ಪ ಸ್ವಲ್ಪ ಉಳಿದ ತರಕಾರಿಯಲ್ಲಿ ಊಟಕ್ಕೆ ನಂಚಿಕೊಳ್ಳಲು ಸುಲಭವಾಗಿ ಏನು ಮಾಡಬಹುದು?

ನಿಮ್ಮದು ಇಬ್ಬರೇ ಇರುವ ಮನೆ. ವಾರದ ಕೊನೆಗೆ ಫ್ರಿಜ್ಜಿನಲ್ಲಿ ಒಂದು ಕ್ಯಾರೆಟ್, ಒಂದು ಹಿಡಿ ಬೀನ್ಸ್, ಅರ್ಧ ಸೀಮೆಬದನೆಕಾಯಿ, ಒಂದು ತುಂಡು ಎಲೆಕೋಸು, ನಾಲ್ಕೈದು ಬೆಂಡೆಕಾಯಿ ಉಳಿದಿರುತ್ತದೆ. ಯಾವುದೂ ಒಂದು ಪಲ್ಯಕ್ಕೆ ಸಾಲುವುದಿಲ್ಲ. ಎಲ್ಲ ಸೇರಿಸಿ ಮಾಡಿದರೆ ನೀರು ನೀರಾಗಿ ಮುದ್ದೆಯಾಗುತ್ತದೆ. ಸಾರು ಅನ್ನಕ್ಕೆ ಸರಿಹೋಗುವಂಥದ್ದು ಏನಾದರೂ ಹೇಳಿ ಅಂತ ಕೇಳಿದ್ದೀರಿ.

ಪಲ್ಯವೇ ಮಾಡಿ. ಎಲ್ಲ ಸೇರಿಸಿಯೇ ಮಾಡಿ. ಆದರೆ ಎಲ್ಲವನ್ನೂ ಒಟ್ಟಿಗೆ ಬಾಣಲೆಗೆ ಹಾಕಬೇಡಿ, ಮತ್ತು ಸ್ವಲ್ಪ ಹೆಸರುಬೇಳೆ ನೆನೆಸಿಡಿ. ನಿಮ್ಮ ಪಲ್ಯ ಮುದ್ದೆಯಾಗುತ್ತಿರುವುದು ತರಕಾರಿ ಹಳೆಯದು ಅಂತಲ್ಲ. ಬೀನ್ಸ್ ಬೇಯುವಷ್ಟರಲ್ಲಿ ಎಲೆಕೋಸು ಕರಗಿಹೋಗಿರುತ್ತದೆ, ಸೀಮೆಬದನೆಕಾಯಿ ಇದ್ದಬದ್ದ ನೀರನ್ನೆಲ್ಲ ಬಿಟ್ಟಿರುತ್ತದೆ. ಮದುವೆಯಾದ ಹೊಸದರಲ್ಲಿ ನಾನೂ ಹಾಗೇ ಮಾಡುತ್ತಿದ್ದೆ. ಎಲ್ಲ ಹೆಚ್ಚಿ ಕುಕ್ಕರಿಗೆ ಹಾಕಿ ಎರಡು ವಿಸಿಲ್ ಕೂಗಿಸಿ, ಆಮೇಲೆ ಒಗ್ಗರಣೆ ಹಾಕುತ್ತಿದ್ದೆ. ಬಣ್ಣವೂ ಇರುತ್ತಿರಲಿಲ್ಲ, ರುಚಿಯೂ ಇರುತ್ತಿರಲಿಲ್ಲ.

ಇದನ್ನು ನನಗೆ ಕಲಿಸಿದ್ದು ನಮ್ಮತ್ತೆ. ಅವರು ಹಾಸನದ ಕಡೆಯವರು. ಸಂತೆಯ ಹಿಂದಿನ ದಿನ ಅವರ ಮನೆಯಲ್ಲಿ ಇದೇ ಪಲ್ಯ, ತಪ್ಪುತ್ತಲೇ ಇರಲಿಲ್ಲ. ಮೊದಲ ಸಲ ನಾನು ಮಾಡುವಾಗ ಅವರು ನಡುಮನೆಯಲ್ಲಿ ಕೂತು ಮೊರದಲ್ಲಿ ಅಕ್ಕಿ ಆರಿಸುತ್ತಿದ್ದರು. ನಾನು ಕಾಯಿತುರಿ ಕೈಗೆ ತಗೊಂಡೆ. ಅಲ್ಲಿಂದಲೇ, "ಈಗಲೇ ಕಾಯಿ ಹಾಕ್ಬೇಡ ಕಣಮ್ಮ, ಇನ್ನೂ ನೀರಿದೆ" ಅಂದರು. ಬಾಣಲೆ ಅವರಿಗೆ ಕಾಣುತ್ತಲೇ ಇರಲಿಲ್ಲ. ಸದ್ದು ಕೇಳಿ ಹೇಳಿದ್ದರು. ಪಲ್ಯದಲ್ಲಿ ನೀರಿದ್ದಾಗ ಕೊತಕೊತ ಅನ್ನುತ್ತದೆ. ನೀರು ಇಂಗಿ ಎಣ್ಣೆ ಉಳಿದಾಗ ಆ ಸದ್ದು ಸಣ್ಣಗಾಗಿ ಚಿರಚಿರ ಅನ್ನತೊಡಗುತ್ತದೆ. ಅವತ್ತಿನಿಂದ ನಾನು ಗಡಿಯಾರ ನೋಡುವುದು ಕಮ್ಮಿ, ಕಿವಿಗೊಡುವುದೇ ಜಾಸ್ತಿ.

ಶುರು ಮಾಡುವ ಮೊದಲು ತರಕಾರಿಯನ್ನು ಒಂದು ಸಲ ಚೆನ್ನಾಗಿ ನೋಡಿ. ಬಾಡಿದ ಕ್ಯಾರೆಟ್, ಬೀನ್ಸ್ ಪರವಾಗಿಲ್ಲ, ಅರ್ಧ ಗಂಟೆ ತಣ್ಣೀರಲ್ಲಿ ಹಾಕಿಟ್ಟರೆ ಮತ್ತೆ ಬಿಗಿಯಾಗುತ್ತವೆ. ಮುಟ್ಟಿದರೆ ಅಂಟುವುದು, ಬೂಷ್ಟು ಬಂದಿದ್ದು ಬೇಡ. ಸಿಪ್ಪೆ ಹಸಿರಾಗಿರುವ ಆಲೂಗಡ್ಡೆಯನ್ನೂ ಉಳಿಸಲು ಹೋಗಬೇಡಿ. ಇನ್ನೊಂದು ಮಾತು ಮನಸ್ಸಿಟ್ಟು ಓದಿ. ಸೋರೆಕಾಯಿ, ಹೀರೆಕಾಯಿ, ಸೌತೆಕಾಯಿ ಉಳಿದಿದ್ದರೆ ಹೆಚ್ಚುವ ಮುಂಚೆ ಒಂದು ಚೂರನ್ನು ನಾಲಿಗೆಗೆ ತಾಗಿಸಿ ನೋಡಿ. ಕಹಿ ಇದ್ದರೆ ಪೂರ್ತಿ ಕಾಯಿಯನ್ನೇ ಎಸೆಯಿರಿ. ಆ ಕಹಿ ಬೇಯಿಸಿದರೂ ಹೋಗುವುದಿಲ್ಲ. ಅದನ್ನು ತಿಂದರೆ ವಾಂತಿ, ಭೇದಿ ಆಗಿ ಆಸ್ಪತ್ರೆ ಸೇರುವ ಹಾಗಾಗಬಹುದು. ವೇಸ್ಟ್ ಆಗುತ್ತದಲ್ಲ ಅನ್ನುವ ಯೋಚನೆ ಇಲ್ಲಿ ಖಂಡಿತ ಬೇಡ. ಹಾಗಲಕಾಯಿ ಮಾತು ಬೇರೆ, ಅದರ ಕಹಿ ಹುಟ್ಟಿನಿಂದಲೇ ಬಂದಿದ್ದು.

ಈಗ ಪಲ್ಯ. ಇಬ್ಬರಿಗೆ ಒಂದು ಊಟಕ್ಕೆ ಹೆಚ್ಚಿದ ತರಕಾರಿ ಎಲ್ಲ ಸೇರಿ ಎರಡು ಲೋಟದಷ್ಟಿದ್ದರೆ ಸಾಕು. ಎರಡು ಚಮಚ ಹೆಸರುಬೇಳೆಯನ್ನು ತೊಳೆದು ಅರ್ಧ ಗಂಟೆ ನೆನೆಸಿ. ಉಗುರಲ್ಲಿ ಒತ್ತಿದರೆ ಬೇಳೆ ತುಂಡಾಗಬೇಕು, ಅಷ್ಟು ನೆಂದರೆ ಆಯಿತು. ತರಕಾರಿ ಬಿಡುವ ನೀರನ್ನು ಈ ಬೇಳೆ ಕುಡಿದುಬಿಡುತ್ತದೆ. ಬೇರೆ ಬೇರೆ ರುಚಿಯ ತರಕಾರಿಗಳನ್ನು ಒಂದೇ ಪಲ್ಯ ಅನ್ನಿಸುವ ಹಾಗೆ ಸೇರಿಸುವುದೂ ಇದೇ.

ಹೆಚ್ಚುವಾಗ ಬೇಗ ಬೇಯದಿರುವುದನ್ನು ಸಣ್ಣಗೆ, ಬೇಗ ಬೇಯುವುದನ್ನು ಸ್ವಲ್ಪ ದಪ್ಪಕ್ಕೆ ಹೆಚ್ಚಿ. ಬೀನ್ಸ್ ಆದಷ್ಟೂ ಸಣ್ಣಗಿರಲಿ. ಕ್ಯಾರೆಟ್, ನವಿಲುಕೋಸು ಕಡಲೆಕಾಳಿಗಿಂತ ಸ್ವಲ್ಪ ದೊಡ್ಡದಿರಲಿ. ಸೀಮೆಬದನೆಕಾಯಿ ಅದಕ್ಕಿಂತ ಇನ್ನೂ ಸ್ವಲ್ಪ ದೊಡ್ಡದು. ಎಲೆಕೋಸನ್ನು ಉದ್ದುದ್ದ ಸೀಳಿದರೆ ಸಾಕು. ಹೆಚ್ಚಿದ್ದನ್ನೆಲ್ಲ ಒಂದೇ ತಟ್ಟೆಗೆ ಸುರಿಯದೆ ಬೇರೆ ಬೇರೆ ಗುಡ್ಡೆ ಮಾಡಿಡಿ. ಗೋರಿಕಾಯಿ ಉಳಿದಿದ್ದರೆ ಅದನ್ನು ಮೊದಲೇ ನೀರಲ್ಲಿ ಬೇಯಿಸಿ ಬಸಿದಿಟ್ಟುಕೊಳ್ಳಿ. ಅದು ಬೇರೆಯವುಗಳ ಜೊತೆ ಹೊಂದಿಕೊಂಡು ಬೇಯುವ ಕಾಯಲ್ಲ.

ಬಾಣಲೆಯಲ್ಲಿ ಎರಡು ಚಮಚ ಎಣ್ಣೆ ಚೆನ್ನಾಗಿ ಕಾಯಲಿ. ಅರ್ಧ ಚಮಚ ಸಾಸಿವೆ ಹಾಕಿ. ಅದು ಪೂರ್ತಿ ಸಿಡಿದ ಮೇಲೆ ಒಂದೊಂದು ಚಮಚ ಕಡಲೆಬೇಳೆ, ಉದ್ದಿನಬೇಳೆ ಹಾಕಿ ಕೆಂಪಗೆ ಹುರಿಯಿರಿ. ಸಾಸಿವೆ ಸಿಡಿಯುವ ಮೊದಲೇ ಬೇಳೆ ಹಾಕಿದರೆ ಬೇಳೆ ಸೀದುಹೋಗುತ್ತದೆ, ಸಾಸಿವೆ ಹಾಗೇ ಕಹಿಯಾಗಿ ಉಳಿಯುತ್ತದೆ. ಆಮೇಲೆ ಇಂಗು, ಕರಿಬೇವು, ಮುರಿದ ಎರಡು ಬ್ಯಾಡಗಿ ಮೆಣಸಿನಕಾಯಿ, ಸೀಳಿದ ಒಂದು ಹಸಿಮೆಣಸಿನಕಾಯಿ, ಚಿಟಿಕೆ ಅರಿಸಿನ. ಬ್ಯಾಡಗಿಯಲ್ಲಿ ಬಣ್ಣ, ಪರಿಮಳ ಜಾಸ್ತಿ, ಖಾರ ಕಮ್ಮಿ. ಖಾರಕ್ಕೆ ಹಸಿಮೆಣಸಿನಕಾಯಿಯೇ ಬೇಕು.

ಮೊದಲು ಬೀನ್ಸ್, ಕ್ಯಾರೆಟ್, ನವಿಲುಕೋಸು ಹಾಕಿ ಒಂದು ನಿಮಿಷ ಬಾಡಿಸಿ. ನೆನೆದ ಹೆಸರುಬೇಳೆ ಬಸಿದು ಹಾಕಿ, ಕಾಲು ಲೋಟ ನೀರು ಚಿಮುಕಿಸಿ. ಆಮೇಲೆ ಬಾಣಲೆ ಮೇಲೆ ತಟ್ಟೆ ಮುಚ್ಚಿ, ಆ ತಟ್ಟೆಯಲ್ಲಿ ಸ್ವಲ್ಪ ನೀರು ನಿಲ್ಲಿಸಿ. ಒಳಗಿನ ಹಬೆ ತಣ್ಣಗಿನ ತಟ್ಟೆಗೆ ತಾಗಿ ಹನಿಯಾಗಿ ಮತ್ತೆ ಪಲ್ಯಕ್ಕೇ ಬೀಳುತ್ತದೆ, ತಳ ಹಿಡಿಯುವುದಿಲ್ಲ. ನಡುವೆ ನೀರು ಬೇಕು ಅನ್ನಿಸಿದರೆ ತಟ್ಟೆಯ ಮೇಲಿನ ಬಿಸಿನೀರನ್ನೇ ಒಂದು ಚಮಚ ಹಾಕಿಕೊಳ್ಳಬಹುದು. ನಮ್ಮತ್ತೆ ಇದಕ್ಕೆ ಅಂತಲೇ ಅಂಚು ಎತ್ತರವಿರುವ ಒಂದು ಹಿತ್ತಾಳೆ ತಟ್ಟೆ ಇಟ್ಟುಕೊಂಡಿದ್ದರು.

ಸಣ್ಣ ಉರಿಯಲ್ಲಿ ಆರೇಳು ನಿಮಿಷ. ಬೀನ್ಸ್ ಮುಕ್ಕಾಲು ಬೆಂದಾಗ ಸೀಮೆಬದನೆಕಾಯಿ ಹಾಕಿ. (ಇದರ ತವರು ಮೆಕ್ಸಿಕೋ. ಹೊರಗಿಂದ ಬಂದಿದ್ದಕ್ಕೇ ನಾವು ಸೀಮೆ ಅಂತ ಸೇರಿಸಿದೆವು. ತೆಲುಗಿನವರು ಇದನ್ನು ಬೆಂಗಳೂರು ವಂಕಾಯ ಅನ್ನುತ್ತಾರೆ. ಅವರ ಪಾಲಿಗೆ ಅದು ನಮ್ಮೂರಿನ ಕಾಯಿ!) ಮತ್ತೆ ನಾಲ್ಕು ನಿಮಿಷ ಮುಚ್ಚಿ. ಎಲೆಕೋಸು, ದೊಣ್ಣೆಮೆಣಸಿನಕಾಯಿ ಏನಿದ್ದರೂ ಕೊನೆಗೆ. ಇವನ್ನು ಹಾಕಿದ ಮೇಲೆ ತಟ್ಟೆ ಮುಚ್ಚಬೇಡಿ. ಮುಚ್ಚಿದರೆ ಹಸಿರು ಬಣ್ಣ ಕಂದುಹೋಗುತ್ತದೆ, ನೀರೂ ಹೊರಗೆ ಹೋಗುವುದಿಲ್ಲ. ಉಪ್ಪು ಹಾಕುವುದೂ ಈಗಲೇ. ಮೊದಲೇ ಹಾಕಿದರೆ ತರಕಾರಿ ಬೇಗ ನೀರು ಬಿಡುತ್ತದೆ.

ಇನ್ನು ಉರಿ ಸ್ವಲ್ಪ ಜಾಸ್ತಿ ಮಾಡಿ, ಸಟ್ಟುಗದಲ್ಲಿ ಆಗಾಗ ತಳದಿಂದ ಮೇಲಕ್ಕೆ ತಿರುವುತ್ತಾ ಸದ್ದು ಕೇಳಿ. ಕೊತಕೊತ ನಿಂತು ಚಿರಚಿರ ಶುರುವಾದಾಗ ಮೂರು ನಾಲ್ಕು ಚಮಚ ಹಸಿ ಕಾಯಿತುರಿ, ಕೊತ್ತಂಬರಿ ಸೊಪ್ಪು ಹಾಕಿ ಎರಡು ಸಲ ಕೆದಕಿ ಒಲೆ ಆರಿಸಿ. ನಿಂಬೆರಸ ಹಿಂಡುವುದಾದರೆ ಇಳಿಸಿದ ಮೇಲೆ. ಹುಳಿ ಮೊದಲೇ ಬಿದ್ದರೆ ತರಕಾರಿ ಬೇಯುವುದಕ್ಕೆ ತುಂಬಾ ಹೊತ್ತು ಹಿಡಿಯುತ್ತದೆ. ಹುಣಸೆಹಣ್ಣು, ಟೊಮೇಟೊ ವಿಷಯದಲ್ಲೂ ಅಷ್ಟೇ.

ಒಂದೇ ರುಚಿ ಬೇಜಾರು ಅನ್ನಿಸಿದರೆ ಕಾಯಿ ಬದಲು ಹುಚ್ಚೆಳ್ಳು ಪುಡಿ ಹಾಕಿ ನೋಡಿ. ಉತ್ತರ ಕರ್ನಾಟಕದಲ್ಲಿ ಗುರೆಳ್ಳು ಅನ್ನುವುದು ಇದನ್ನೇ. ಜೋಳದ ರೊಟ್ಟಿಗಾದರೆ ಶೇಂಗಾ ಪುಡಿ ಇನ್ನೂ ಚೆನ್ನ. ಮಂಗಳೂರು ಕಡೆಯ ನನ್ನ ಗೆಳತಿ ತೆಂಗಿನೆಣ್ಣೆಯಲ್ಲಿ ಒಗ್ಗರಣೆ ಹಾಕಿ, ಕೊನೆಗೆ ಚೂರು ಬೆಲ್ಲ ಹಾಕುತ್ತಾಳೆ. ಅದೂ ತುಂಬಾ ಹಿಡಿಸುತ್ತದೆ ನನಗೆ.

ನಿಮ್ಮ ಬೆಂಡೆಕಾಯಿಯನ್ನು ಮಾತ್ರ ಇದಕ್ಕೆ ಹಾಕಬೇಡಿ. ಅದರ ಲೋಳೆ ಎಲ್ಲಕ್ಕೂ ಅಂಟುತ್ತದೆ. ನಾಲ್ಕೇ ಇದ್ದರೂ ಚಿಂತೆ ಇಲ್ಲ. ತೊಳೆದು, ಬಟ್ಟೆಯಲ್ಲಿ ಚೆನ್ನಾಗಿ ಒರೆಸಿ, ಗುಂಡಗೆ ಹೆಚ್ಚಿ ಎಣ್ಣೆಯಲ್ಲಿ ಗರಿಯಾಗುವಷ್ಟು ಹುರಿಯಿರಿ. ಆರಿದ ಮೇಲೆ ಉಪ್ಪು ಹಾಕಿದ ಗಟ್ಟಿ ಮೊಸರಿಗೆ ಸೇರಿಸಿ, ಸಾಸಿವೆ, ಒಣಮೆಣಸಿನಕಾಯಿ ಒಗ್ಗರಣೆ ಕೊಡಿ. ಹತ್ತು ನಿಮಿಷದ ಕೆಲಸ. ಬೀಟ್‌ರೂಟ್ ಕೂಡ ಬೇರೆಯೇ ಇರಲಿ, ಇಲ್ಲದಿದ್ದರೆ ಇಡೀ ಪಲ್ಯ ಕೆಂಪಾಗುತ್ತದೆ. ಅರ್ಧ ಬೀಟ್‌ರೂಟ್ ಇದ್ದರೆ ತುರಿದು ಬೇಯಿಸಿ ಆರಿಸಿ. ಎರಡು ಚಮಚ ಕಾಯಿತುರಿ, ಒಂದು ಹಸಿಮೆಣಸಿನಕಾಯಿ, ಕಾಲು ಚಮಚ ಸಾಸಿವೆ ನುಣ್ಣಗೆ ರುಬ್ಬಿ, ಮೊಸರಿನ ಜೊತೆ ಅದಕ್ಕೆ ಕಲಸಿ. ಮಲೆನಾಡಿನ ಮನೆಗಳಲ್ಲಿ ಮಾಡುವ ಸಾಸಿವೆ ಅಂದರೆ ಇದೇ. ಬಿಸಿ ಅನ್ನಕ್ಕೆ ಎಷ್ಟು ಹಿತ ಗೊತ್ತಾ!

ಸೀಮೆಬದನೆಕಾಯಿಯ ಸಿಪ್ಪೆ ಎಸೆದಿಲ್ಲ ತಾನೆ? ಹೆರೆಯುವ ಮೊದಲು ಕಾಯಿಯನ್ನು ಚೆನ್ನಾಗಿ ಉಜ್ಜಿ ತೊಳೆದಿರಬೇಕು, ಅಷ್ಟೇ. ಒಂದು ಹಿಡಿ ಸಿಪ್ಪೆಗೆ ಒಂದು ಚಮಚ ಉದ್ದಿನಬೇಳೆ, ಮೂರು ಒಣಮೆಣಸಿನಕಾಯಿ ಲೆಕ್ಕ. ಎಣ್ಣೆಯಲ್ಲಿ ಬೇಳೆ, ಮೆಣಸಿನಕಾಯಿ ಹುರಿದು ತೆಗೆದಿಟ್ಟು, ಅದೇ ಬಾಣಲೆಯಲ್ಲಿ ಸಿಪ್ಪೆಯನ್ನು ಹಸಿ ವಾಸನೆ ಹೋಗುವವರೆಗೆ ಬಾಡಿಸಿ. ಇದಕ್ಕೆ ಐದಾರು ನಿಮಿಷ ಬೇಕು, ಅವಸರ ಮಾಡಬೇಡಿ. ಸಿಪ್ಪೆ ಸುರುಟಿಕೊಂಡು ಅಂಚು ಕೆಂಪಗಾಗಬೇಕು. ಆರಿದ ಮೇಲೆ ಕಾಯಿತುರಿ, ಚೂರು ಹುಣಸೆಹಣ್ಣು, ಉಪ್ಪು, ಇಷ್ಟವಿದ್ದರೆ ಚೂರು ಬೆಲ್ಲ ಹಾಕಿ ತರಿತರಿಯಾಗಿ ರುಬ್ಬಿ. ಬೇಳೆಯನ್ನು ಕೊನೆಯ ಸುತ್ತಿಗೆ ಹಾಕಿದರೆ ಬಾಯಿಗೆ ಸಿಗುತ್ತದೆ. ಹೀರೆಕಾಯಿ ಸಿಪ್ಪೆಯಲ್ಲೂ ಹೀಗೇ ಮಾಡಬಹುದು.

ಇಷ್ಟರಲ್ಲೂ ಪಲ್ಯ ಮಿಕ್ಕಿದರೆ ರಾತ್ರಿಯೇ ಫ್ರಿಜ್ಜಿಗೆ ಇಡಿ, ಕಾಯಿ ಹಾಕಿದ ಪಲ್ಯ ಹೊರಗಿದ್ದರೆ ಬೇಗ ಹಳಸುತ್ತದೆ. ಬೆಳಿಗ್ಗೆ ಅದಕ್ಕೆ ಹಿಡಿಯುವಷ್ಟು ಅಕ್ಕಿಹಿಟ್ಟು, ಒಂದು ಈರುಳ್ಳಿ, ಜೀರಿಗೆ, ಉಪ್ಪು ಹಾಕಿ ಬಿಸಿನೀರಲ್ಲಿ ಮೆತ್ತಗೆ ಕಲಸಿ ರೊಟ್ಟಿ ತಟ್ಟಿ. ಬೆರಳಲ್ಲಿ ಅಲ್ಲಲ್ಲಿ ತೂತು ಮಾಡಿ ಎಣ್ಣೆ ಬಿಡಿ. ನಮ್ಮ ಮನೆಯಲ್ಲಿ ಈ ರೊಟ್ಟಿಗೋಸ್ಕರವೇ ಶನಿವಾರ ರಾತ್ರಿ ಪಲ್ಯವನ್ನು ಒಂದು ಹಿಡಿ ಜಾಸ್ತಿ ಮಾಡುತ್ತೇನೆ.