ಪೀಟರ್ ಫ್ರಾನ್ಸೇನ್ ನಟಿಸಿದ ಫಿನ್ನಿಶ್ ಯುದ್ಧದ ಚಿತ್ರ ನೋಡಲು ಮೊದಲು ಚರಿತ್ರೆ ಓದಬೇಕಾ?

'ವೈಕಿಂಗ್ಸ್' ಸರಣಿಯಲ್ಲಿ ಫಿನ್ನಿಶ್ ನಟ ಫ್ರಾನ್ಸೇನ್ ಮಾಡಿದ ರಾಜ ಹೆರಾಲ್ಡ್‌ನನ್ನು ಮೆಚ್ಚಿ ಈ ಪ್ರಶ್ನೆ ಕೇಳಿದ್ದೀರಿ. ನನಗೂ ಅಲ್ಲಿಂದಲೇ ಹತ್ತಿದ ಹುಚ್ಚು ಇದು. ದಪ್ಪ ಪುಸ್ತಕ ಬೇಡ, ಎರಡು ತಾರೀಕು ಸಾಕು. ಆದರೆ ಅವೆರಡೂ ಗೊತ್ತಿಲ್ಲದೆ ಸಿನಿಮಾ ಹಾಕಬೇಡಿ.

1999ರ 'ರುಕಾಯಾರ್ವೆನ್ ತಿಯೆ'ಯಿಂದ ಶುರು ಮಾಡಿ. ಅದರ ಇಂಗ್ಲಿಷ್ ಹೆಸರಾದ 'ಆ್ಯಂಬುಶ್' ಅಂತ ಹುಡುಕಿದರೆ ಬೇರೆ ಚಿತ್ರಗಳೇ ಬರುತ್ತವೆ, ನಿರ್ದೇಶಕ ಒಲ್ಲಿ ಸಾರೆಲಾ ಹೆಸರನ್ನೂ ಸೇರಿಸಿ. ಹೆಚ್ಚಿನವರು ಎಡವುವುದು ಇಲ್ಲೇ. ಫಿನ್ಲೆಂಡಿನ ಯುದ್ಧ ಎಂದಕೂಡಲೇ ಹಿಮ, ಸ್ಕೀ, ಮನೆ ಉಳಿಸಿಕೊಳ್ಳಲು ನಿಂತ ಸಣ್ಣ ದೇಶ ಅಂದುಕೊಂಡು ಕೂರುತ್ತಾರೆ. ಅದು 1939ರ ನವೆಂಬರ್ 30ರಂದು ಸೋವಿಯತ್ ದಾಳಿಯಿಂದ ಶುರುವಾದ ಚಳಿಗಾಲದ ಯುದ್ಧ. 105 ದಿನಕ್ಕೆ ಮುಗಿಯಿತು. ಈ ಚಿತ್ರದ್ದು 1941ರ ಜೂನ್ 25ಕ್ಕೆ ಸೋವಿಯತ್ ಜೊತೆ ಶುರುವಾದ ಎರಡನೇ ಯುದ್ಧ. ಈ ಸಲ ಫಿನ್ನಿಶ್ ಸೇನೆ ಜರ್ಮನಿಯ ಜೊತೆಗಿದೆ, ಹಳೆಯ ಗಡಿಯನ್ನೂ ದಾಟಿ ಮುಂದೆ ಹೋಗುತ್ತಿದೆ. ಫ್ರಾನ್ಸೇನ್ ಮಾಡಿದ ಲೆಫ್ಟಿನೆಂಟ್ ಪೆರ್ಕೊಲಾ ತನ್ನ ಹುಡುಗರನ್ನು ಬೇಸಿಗೆಯ ಕಾಡಿನಲ್ಲಿ ಸೈಕಲ್ ಮೇಲೆ ಕರೆದೊಯ್ಯುವುದು ಪರರ ನೆಲಕ್ಕೆ. ಇದು ತಿಳಿಯದಿದ್ದರೆ ಅವನನ್ನು ಬರೀ ಊರು ಕಾಯುವ ವೀರ ಅಂದುಕೊಳ್ಳುತ್ತೀರಿ. ಪ್ರೇಯಸಿ ಸತ್ತಳೆಂಬ ಸುದ್ದಿ ಬಂದ ಮೇಲೆ ಅವನು ಕೊಡುವ ಒಂದೊಂದು ಆದೇಶದಲ್ಲೂ ಕರ್ತವ್ಯ ಎಷ್ಟು, ಸೇಡು ಎಷ್ಟು ಎಂಬ ಅನುಮಾನವೇ ನಿಮಗೆ ಹುಟ್ಟುವುದಿಲ್ಲ. ಫ್ರಾನ್ಸೇನ್ ಅಭಿನಯವೆಲ್ಲ ನಿಂತಿರುವುದು ಆ ಅನುಮಾನದ ಮೇಲೆ.

ಇನ್ನೊಂದು ಮಾತು: ಬರೀ ಯುದ್ಧದ ಚಿತ್ರಗಳನ್ನೇ ಹುಡುಕುವುದನ್ನು ಬಿಡಿ. ಫ್ರಾನ್ಸೇನ್ ಅವರ ಅತ್ಯುತ್ತಮ ಪಾತ್ರ ಇರುವುದು 2004ರಲ್ಲಿ ಮಾರ್ಕ್ಕು ಪೊಲೊನೆನ್ ನಿರ್ದೇಶಿಸಿದ 'ಕೊಯಿರಾನ್‌ಕ್ಯುನ್ನೆನ್ ಲೇಯ್ಕ್ಕಾಯಾ'ದಲ್ಲಿ, ಅಂದರೆ ನಾಯಿಯ ಉಗುರು ಕತ್ತರಿಸುವವನು. ಅದೇ ಯುದ್ಧದಲ್ಲಿ ತಲೆಗೆ ಪೆಟ್ಟು ಬಿದ್ದ ಮೆರ್ತ್ಸಿ ಮರ ಕಡಿಯುವ ಕೆಲಸಕ್ಕೆ ಬರುತ್ತಾನೆ. ಸೋವಿಯತ್ ಪಾಲಾದ ಕರೇಲಿಯಾ ಪ್ರದೇಶವನ್ನು 4 ಲಕ್ಷಕ್ಕೂ ಹೆಚ್ಚು ಜನ ಬಿಟ್ಟು ಬಂದಿದ್ದ ಕಾಲ ಅದು. ಅವರಿಗೆ ಮನೆ ಕಟ್ಟಬೇಕು, ಸೋವಿಯತ್‌ಗೆ 1952ರವರೆಗೂ ಯುದ್ಧ ಪರಿಹಾರ ತೀರಿಸಬೇಕು, ದೇಶಕ್ಕೆ ಮರವೇ ಆಸ್ತಿ. ಯಾರದೋ ನಾಯಿಯ ಉಗುರು ಬೆಳೆದು ನೋಯುತ್ತಿದೆ ಎಂಬ ಮಾತು ಕಿವಿಗೆ ಬಿದ್ದದ್ದೇ ತಡ, ಅದೊಂದು ಅವನ ತಲೆಯಲ್ಲಿ ಕೂತುಬಿಡುತ್ತದೆ. ಮಾತು ತಡವರಿಸುತ್ತದೆ, ನೆನಪು ಕೈಕೊಡುತ್ತದೆ. ಡಬ್ ಆದದ್ದು ಸಿಕ್ಕರೂ ಮುಟ್ಟಬೇಡಿ, ಸಬ್‌ಟೈಟಲ್ ಹಾಕಿಕೊಂಡೇ ನೋಡಿ. ಎರಡು ಶಬ್ದಗಳ ನಡುವೆ ಅವರು ಬಿಡುವ ಆ ತಡೆ ಡಬ್ಬಿಂಗ್‌ನಲ್ಲಿ ಉಳಿಯುವುದಿಲ್ಲ. ಈ ಪಾತ್ರಕ್ಕೆ ಅವರಿಗೆ ಫಿನ್ಲೆಂಡಿನ ಚಲನಚಿತ್ರ ಪ್ರಶಸ್ತಿಯಾದ ಯುಸ್ಸಿಯೂ ಬಂತು.

ಈ ಎರಡನ್ನೂ ಇದೇ ಕ್ರಮದಲ್ಲಿ ನೋಡಿ, ನಡುವೆ ಬೇರೇನೂ ಬೇಡ. ಆಮೇಲೆ 2013ರ 'ತುಮ್ಮಾನ್ ವೇದೆನ್ ಪ್ಯಾಲ್ಲ್ಯಾ' ಹಾಕಿ. ತಮ್ಮದೇ ಕಾದಂಬರಿಯನ್ನು ಫ್ರಾನ್ಸೇನ್ ನಿರ್ದೇಶಿಸಿದ್ದು, 1970ರ ದಶಕದ ಉತ್ತರ ಫಿನ್ಲೆಂಡಿನ ಒಬ್ಬ ಹುಡುಗನ ಮನೆಯ ಕಥೆ. ಮೂರು ಸಲ ತೆರೆಗೆ ಬಂದ 'ಅಜ್ಞಾತ ಸೈನಿಕ'ವನ್ನು ಈ ಮೂರೂ ಆದಮೇಲೆ ಇಟ್ಟುಕೊಳ್ಳಿ. ಅದೂ 1941ರ ಯುದ್ಧದ್ದೇ ಕಥೆ, ಅಷ್ಟುಹೊತ್ತಿಗೆ ತಾರೀಕು ನಿಮಗೆ ಬಾಯಿಗೆ ಬಂದಿರುತ್ತದೆ.