ಸಮೋವಾದ ಹಳ್ಳಿ: ತೆರೆಯ ಮೇಲೆ ಕುಣಿತ ಕಾಣುತ್ತದೆ, ಮಾತು ಎಲ್ಲಿ?

ಪ್ರಶ್ನೆ: ಮಕ್ಕಳಿಗೆ ಡಿಸ್ನಿಯ ‘ಮೊವಾನಾ’ ತೋರಿಸಿದೆ, ನನಗೂ ಹಿಡಿಸಿತು. ಅದೇ ಹೆಸರಿನ 1926ರ ಮೂಕಿ ಚಿತ್ರವೊಂದಿದೆ, ಅದು ಸಮೋವಾದ ಹಳ್ಳಿಯಲ್ಲೇ ತೆಗೆದ ಸಾಕ್ಷ್ಯಚಿತ್ರ ಎಂದು ಗೆಳೆಯರೊಬ್ಬರು ಹೇಳಿದರು. ಅಲ್ಲಿನ ಬದುಕು ಹೇಗಿತ್ತೆಂದು ತಿಳಿಯಲು ಆ ಹಳೆಯ ಚಿತ್ರವನ್ನು ನಂಬಬಹುದೇ?
(ಓದುಗರು, ಶಿವಮೊಗ್ಗ)

ಉತ್ತರ: ಅದರಲ್ಲಿರುವ ಕೈಗಳನ್ನು ನಂಬಿ, ಉಡುಪನ್ನು ನಂಬಬೇಡಿ.

ಅದರ ನಿರ್ದೇಶಕ, ಅಮೆರಿಕದ ರಾಬರ್ಟ್ ಫ್ಲಾಹರ್ಟಿ 1923ರಲ್ಲಿ ಹೆಂಡತಿ ಮಕ್ಕಳೊಂದಿಗೆ ಪೆಸಿಫಿಕ್ ಸಾಗರದಲ್ಲಿರುವ ಸಮೋವಾದ ಸವಾಯಿ ದ್ವೀಪದ ಸಫುನೆ ಹಳ್ಳಿಗೆ ಹೋದರು. ವರ್ಷಕ್ಕೂ ಮಿಕ್ಕಿ ಅಲ್ಲೇ ಉಳಿದು ಈ ಚಿತ್ರ ತೆಗೆದರು. ಕೆಲಸ ಮಾಡುವ ಕೈಗಳನ್ನು ಅವರಷ್ಟು ತಾಳ್ಮೆಯಿಂದ ನೋಡಿದವರು ಆ ಕಾಲದಲ್ಲಿ ಕಡಿಮೆ. ತಾಯಿಯೊಬ್ಬಳು ಹಿಪ್ಪುನೇರಳೆ ಜಾತಿಯ ಗಿಡದ ತೊಗಟೆ ಸುಲಿದು, ಚಿಪ್ಪಿನಿಂದ ಹೆರೆದು, ಬಡಿದು ಬಡಿದು ಅಗಲ ಮಾಡಿ, ಬಣ್ಣದ ಚಿತ್ತಾರ ಒತ್ತಿ ಬಟ್ಟೆ ಮಾಡುವುದನ್ನು ಮೊದಲಿನಿಂದ ಕೊನೆಯವರೆಗೆ ನೋಡಬಹುದು. ಹುಡುಗನೊಬ್ಬ ಕಾಲಿಗೆ ತಳೆ ಹಾಕಿ ತೆಂಗಿನ ಮರ ಹತ್ತುತ್ತಾನೆ. ಕ್ಯಾಮೆರಾ ಅವನ ಹಿಂದೆಯೇ ಮೇಲೇರುತ್ತದೆ, ಮರ ಮುಗಿಯುವ ಲಕ್ಷಣವೇ ಕಾಣುವುದಿಲ್ಲ. ಇವು ನಟನೆಯಲ್ಲ, ಕೈಗೂ ಕಾಲಿಗೂ ಒಗ್ಗಿಹೋದ ಕೆಲಸಗಳು. ಬ್ರಿಟನ್ನಿನ ಸಾಕ್ಷ್ಯಚಿತ್ರಕಾರ ಜಾನ್ ಗ್ರಿಯರ್‌ಸನ್ ಇದರ ವಿಮರ್ಶೆ ಬರೆಯುತ್ತಾ ‘ಡಾಕ್ಯುಮೆಂಟರಿ’ ಎಂಬ ಪದವನ್ನು ಬಳಸಿದ ಮೇಲೆಯೇ ಅದು ಸಿನಿಮಾದ ಮಾತಾಗಿ ನೆಲೆಯೂರಿತು.

ಆದರೆ 1923ರ ಹೊತ್ತಿಗೆ ಸಮೋವಾದ ಜನ ದಿನನಿತ್ಯಕ್ಕೆ ಅಂಗಡಿಯ ಹತ್ತಿ ಬಟ್ಟೆ ಉಡುತ್ತಿದ್ದರು. ತೊಗಟೆಯ ಬಟ್ಟೆಯನ್ನು ಉಡಿಸಿದ್ದು ಫ್ಲಾಹರ್ಟಿ. ತೆರೆಯ ಮೇಲಿನ ಅಪ್ಪ, ಅಮ್ಮ, ಅಣ್ಣ, ತಮ್ಮ ನಿಜಕ್ಕೂ ಒಂದೇ ಮನೆಯವರಲ್ಲ, ಚಿತ್ರಕ್ಕಾಗಿ ಆರಿಸಿ ಕೂಡಿಸಿದವರು. 1830ರಲ್ಲಿ ಲಂಡನ್ ಮಿಷನರಿ ಸೊಸೈಟಿಯ ಜಾನ್ ವಿಲಿಯಮ್ಸ್ ಬಂದಿಳಿದಂದಿನಿಂದ ಕ್ರೈಸ್ತ ಧರ್ಮ ಅಲ್ಲಿ ಬೇರುಬಿಟ್ಟಿತ್ತು. ಹಳ್ಳಿಯ ನಡುವೆ ಚರ್ಚು, ಸಂಜೆ ಮನೆಮನೆಯಲ್ಲೂ ಪ್ರಾರ್ಥನೆ. ಚಿತ್ರದಲ್ಲಿ ಅದರ ಸುಳಿವೂ ಇಲ್ಲ.

ನನ್ನನ್ನು ಹೆಚ್ಚು ಕಾಡುವುದು ಇನ್ನೊಂದು ಮರೆವು. 1914ರಲ್ಲಿ ನ್ಯೂಜಿಲೆಂಡ್ ಈ ದ್ವೀಪಗಳನ್ನು ಜರ್ಮನಿಯಿಂದ ಕಿತ್ತುಕೊಂಡಿತು. 1918ರ ನವೆಂಬರ್‌ನಲ್ಲಿ ಆಕ್ಲೆಂಡ್‌ನಿಂದ ಬಂದ ‘ತಲುನೆ’ ಎಂಬ ಹಡಗನ್ನು ತಡೆದು ನಿಲ್ಲಿಸದೆ ಒಳಬಿಟ್ಟ ಆಡಳಿತದಿಂದಾಗಿ ಇನ್‌ಫ್ಲುಯೆಂಜಾ ಹರಡಿತು. ಕೆಲವೇ ವಾರಗಳಲ್ಲಿ ಹೆಚ್ಚುಕಡಿಮೆ ಐದರಲ್ಲೊಬ್ಬರು ಸತ್ತರು. ಫ್ಲಾಹರ್ಟಿ ಕ್ಯಾಮೆರಾ ಹೂಡಿದ್ದು ಅದಾಗಿ ಐದು ವರ್ಷಕ್ಕೆ. ಅಂಥ ಸಾವು ಕಂಡ ಜನರ ಮುಂದೆ ನಿಂತು ಅವರು ನಮಗೆ ತೋರಿಸಿದ್ದು ದುಃಖದ ನೆರಳೂ ಬೀಳದ, ಕಾಲವೇ ಇಲ್ಲದ ಹಳ್ಳಿಯನ್ನು. ಚಿತ್ರ ಬಿಡುಗಡೆಯಾದ ಮೂರನೇ ವರ್ಷ, 1929ರ ಡಿಸೆಂಬರ್ 28ರಂದು, ಅಪಿಯಾ ಪಟ್ಟಣದಲ್ಲಿ ಸ್ವಾತಂತ್ರ್ಯ ಕೇಳಿ ಶಾಂತವಾಗಿ ಮೆರವಣಿಗೆ ಹೊರಟವರ ಮೇಲೆ ನ್ಯೂಜಿಲೆಂಡ್ ಪೊಲೀಸರು ಗುಂಡು ಹಾರಿಸಿದರು. ಅಷ್ಟು ಹೋರಾಟದ ಕಿಚ್ಚಿದ್ದ ಜನ ಪ್ರಪಂಚದ ಕಣ್ಣಿಗೆ ಮೀನು ಹಿಡಿದು, ಕುಣಿದು, ನಿದ್ದೆ ಹೋಗುವವರಾಗಿಯೇ ಉಳಿದರು.

ಹಚ್ಚೆಯ ದೃಶ್ಯದ ಬಗ್ಗೆಯೂ ಹೇಳಬೇಕು. ಸೊಂಟದಿಂದ ಮೊಣಕಾಲಿನವರೆಗೆ ಹಾಕಿಸಿಕೊಳ್ಳುವ ‘ಪೆಆ’ ಹಚ್ಚೆ ಸಮೋವಾದಲ್ಲಿ ಎಂದೂ ಪೂರ್ತಿ ನಿಂತದ್ದಲ್ಲ, ಇಂದಿಗೂ ಇದೆ. ಬಾಚಣಿಗೆಯಂಥ ಹಲ್ಲುಳ್ಳ ಉಪಕರಣವನ್ನು ಕೋಲಿನಿಂದ ತಟ್ಟುತ್ತಾ ಬಣ್ಣ ಇಳಿಸುತ್ತಾರೆ. ಅಕ್ಕಪಕ್ಕದವರು ಚರ್ಮ ಬಿಗಿಹಿಡಿದು ಒರೆಸುತ್ತಿರುತ್ತಾರೆ. ಫ್ಲಾಹರ್ಟಿಯ ನಾಯಕ ತಾವಾಲೆ ಎಂಬ ಯುವಕ ಅನುಭವಿಸಿದ ನೋವು ನಿಜವೇ. ಆದರೆ ಹಿಂದಿನ ಚಿತ್ರದಲ್ಲಿ ಹಿಮದೊಡನೆ ಸೆಣಸುವ ಮನುಷ್ಯನನ್ನು ತೋರಿಸಿದ್ದ ನಿರ್ದೇಶಕನಿಗೆ ಈ ಹಸಿರು ದ್ವೀಪದಲ್ಲಿ ಅಂಥ ಸೆಣಸಾಟ ಸಿಗಲಿಲ್ಲ. ಆ ಜಾಗಕ್ಕೆ ಹಚ್ಚೆಯನ್ನು ತಂದು ಕೂರಿಸಿದರು. ಆ ಸಮಾಜದಲ್ಲಿ ಹಚ್ಚೆಗೆ ಇರುವ ಅರ್ಥ ಬೇರೆ. ಹಾಕಿಸಿಕೊಂಡವನು ಕುಟುಂಬದ, ಊರಿನ ಸೇವೆಗೆ ಸಿದ್ಧ ಎಂದು ಅದು ಎಲ್ಲರಿಗೂ ಸಾರುತ್ತದೆ.

ಫ್ಲಾಹರ್ಟಿಯ ಮಗಳು ಮೋನಿಕಾ ಬಾಲ್ಯದಲ್ಲಿ ಆ ಹಳ್ಳಿಯಲ್ಲೇ ಇದ್ದವರು. 1975ರಲ್ಲಿ ಅವರು ಸಾಕ್ಷ್ಯಚಿತ್ರಕಾರ ರಿಚರ್ಡ್ ಲೀಕಾಕ್ ಜೊತೆ ಸವಾಯಿಗೆ ಮರಳಿ ಹಾಡು, ಮಾತು, ಅಲೆಯ ಸದ್ದು ಎಲ್ಲವನ್ನೂ ಧ್ವನಿಮುದ್ರಿಸಿ ಚಿತ್ರಕ್ಕೆ ಜೋಡಿಸಿದರು. ಸಿಕ್ಕರೆ ಆ ಆವೃತ್ತಿಯನ್ನೇ ನೋಡಿ.

ಇನ್ನು ಡಿಸ್ನಿಯ 2016ರ ಚಿತ್ರ. ಅದರ ಊರು ಕಲ್ಪನೆಯದು, ಹಲವು ದ್ವೀಪಗಳನ್ನು ಬೆರೆಸಿ ಕಟ್ಟಿದ್ದು. ಅದನ್ನು ಸಮೋವಾ ಎಂದು ಮಕ್ಕಳಿಗೆ ಹೇಳಬೇಡಿ. ಸಮೋವಾದಲ್ಲಿ ಹುಟ್ಟಿದ ಒಪೆತಾಯಾ ಫೊಅಯಿ ಸಂಗೀತದಲ್ಲಿ ಕೈಜೋಡಿಸಿರುವುದರಿಂದ ಹಾಡುಗಳಲ್ಲಿ ಆ ಕಡಲಿನ ನಿಜವಾದ ದನಿಯಿದೆ. ನನಗೆ ಒಪ್ಪಿಗೆಯಾಗದ್ದು ಆಳುವ ಕ್ರಮ. ಚಿತ್ರದಲ್ಲಿ ಮುಖ್ಯಸ್ಥನ ಮಾತೇ ಕೊನೆಯ ಮಾತು, ಮಗಳು ಹುಟ್ಟಿನಿಂದಲೇ ಮುಂದಿನ ಮುಖ್ಯಸ್ಥೆ. ಸಮೋವಾದ ಹಳ್ಳಿ ನಡೆಯುವುದು ಹಾಗಲ್ಲ. ಪ್ರತಿ ದೊಡ್ಡ ಕುಟುಂಬವೂ ಮಾತಾಡಿ ಒಪ್ಪಿ ತನ್ನ ‘ಮತಾಯ್’ಯನ್ನು, ಎಂದರೆ ಕುಟುಂಬದ ಬಿರುದು ಹೊತ್ತ ಯಜಮಾನರನ್ನು, ಆರಿಸುತ್ತದೆ. ಈ ಎಲ್ಲ ಮತಾಯ್‌ಗಳು ಕೂಡಿದ ಸಭೆ ‘ಫೋನೊ’ ಊರಿನ ಆಗುಹೋಗು ತೀರ್ಮಾನಿಸುತ್ತದೆ. ತಪ್ಪು ಮಾಡಿದವರಿಗೆ ಹಂದಿ, ಚಾಪೆ, ಹಣದ ದಂಡ ಹಾಕುವುದರಿಂದ ಹಿಡಿದು ಊರಿನಿಂದ ಹೊರಹಾಕುವವರೆಗೆ ಅದಕ್ಕೆ ಅಧಿಕಾರ. ಗೋಡೆಗಳಿಲ್ಲದ, ಬರೀ ಕಂಬಗಳ ಮನೆಯಲ್ಲಿ ಸಭೆ ಕೂರುತ್ತದೆ. ಯಾರು ಯಾವ ಕಂಬಕ್ಕೆ ಬೆನ್ನು ಕೊಟ್ಟು ಕೂರಬೇಕೆಂಬುದು ಅವರವರ ಬಿರುದಿನ ಮೇಲೆ ನಿಂತಿರುತ್ತದೆ. ಸಮೋವಾದ ಹಳ್ಳಿ ತೋರಿಸುವ ಯಾವ ಚಿತ್ರ ನೋಡುವಾಗಲೂ ಆ ಕಂಬಗಳ ಬುಡದಲ್ಲಿ ಕೂತವರ ಕಡೆ ಗಮನ ಕೊಡಿ.

ಪ್ರಶ್ನೆ: ನಾನು ಆಕ್ಲೆಂಡ್‌ನಲ್ಲಿ ಕೆಲಸದಲ್ಲಿದ್ದೇನೆ. ಜೊತೆಗೆ ಕೆಲಸ ಮಾಡುವವರೊಬ್ಬರು ಸಮೋವಾದವರು. ಊರಲ್ಲಿ ಸಾವಾಗಲಿ, ಮದುವೆಯಾಗಲಿ, ಯಾರಿಗಾದರೂ ಬಿರುದು ಕೊಡುವುದಾಗಲಿ, ಸಂಬಳದ ಒಂದು ಪಾಲು ಅಲ್ಲಿಗೆ ಹೋಗುತ್ತದೆ. ಕೇಳಿದರೆ ನಕ್ಕು ಸುಮ್ಮನಾಗುತ್ತಾರೆ. ಅವರ ಊರಿನ ರೀತಿ ಅರ್ಥವಾಗುವಂಥ ಒಂದೇ ಒಂದು ಚಿತ್ರ ಹೇಳಿ ಎಂದರೆ ಯಾವುದನ್ನು ಹೇಳುತ್ತೀರಿ?
(ಓದುಗರು, ಆಕ್ಲೆಂಡ್)

ಉತ್ತರ: ಎರಡನೇ ಯೋಚನೆಯೇ ಇಲ್ಲ, ಸಮೋವಾದವರೇ ಆದ ನಿರ್ದೇಶಕ ತುಸಿ ತಮಸೇಸೆ ಅವರ ‘ಓ ಲೆ ತುಲಾಫಾಲೆ’. 2011ರಲ್ಲಿ ಬಂದದ್ದು. ಪೂರ್ತಿ ಸಮೋವಾದಲ್ಲೇ, ಸಮೋವಾ ಭಾಷೆಯಲ್ಲೇ ತೆಗೆದ ಮೊದಲ ಕಥಾಚಿತ್ರ. ಆ ವರ್ಷ ನ್ಯೂಜಿಲೆಂಡ್ ಆಸ್ಕರ್‌ನ ವಿದೇಶಿ ಭಾಷಾ ವಿಭಾಗಕ್ಕೆ ಇದನ್ನೇ ಕಳಿಸಿತು.

ತುಲಾಫಾಲೆ ಎಂದರೆ ಸಭೆಯಲ್ಲಿ ಕುಟುಂಬದ ಪರವಾಗಿ, ಊರಿನ ಪರವಾಗಿ ಮಾತಾಡುವ ಹಕ್ಕುಳ್ಳ ಮತಾಯ್. ಕೈಯಲ್ಲಿ ಉದ್ದನೆಯ ಕೋಲು, ಹೆಗಲ ಮೇಲೆ ತೆಂಗಿನ ನಾರಿನ ಚಾಮರ. ಕಥಾನಾಯಕ ಸೈಲಿ ಕೆಸು ಬೆಳೆಯುವ ಕುಳ್ಳ ದೇಹದ ರೈತ. ತಂದೆಗಿದ್ದ ಬಿರುದು ಅವನಿಗೆ ಬಂದಿಲ್ಲ, ಹಾಗಾಗಿ ಸಭೆಯಲ್ಲಿ ಬಾಯಿ ತೆರೆಯುವ ಹಕ್ಕೂ ಇಲ್ಲ. ಹೆಂಡತಿ ವಾಯಿಂಗ ತನ್ನ ತವರೂರಿನಿಂದ ಹೊರಹಾಕಲ್ಪಟ್ಟವಳು. ಜಮೀನಿಗೆ ಕುತ್ತು ಬರುತ್ತದೆ, ಹೆಂಡತಿಯ ಅಣ್ಣ ಅವಳ ಮೇಲೆ ಹಕ್ಕು ಸಾಧಿಸಲು ಬರುತ್ತಾನೆ. ಸೈಲಿ ಬಹುಪಾಲು ಸುಮ್ಮನೆ ನೋಡುತ್ತಾನೆ. ಆ ಪಾತ್ರ ಮಾಡಿದ ಫಾಫಿಯಾವುಲಾ ಸಂಗೋತೆ ಅವರ ಮೌನ ಎಷ್ಟು ಬಿಗಿಯಾಗಿದೆಯೆಂದರೆ, ಅವನು ಕಡೆಗೆ ಮಾತಿಗೆ ನಿಂತಾಗ ಒಂದೊಂದು ಶಬ್ದದ ತೂಕವೂ ನಮಗೆ ಗೊತ್ತಾಗುತ್ತದೆ. ಏನು ಮಾತಾಡಿದ, ಯಾಕೆ ಎಂಬುದನ್ನು ನೀವೇ ನೋಡಿ.

ಹೊರಗಿನವರ ಕ್ಯಾಮೆರಾ ಸಮೋವಾದ ಮೈಯನ್ನು ನೋಡಿತು, ತಮಸೇಸೆಯ ಕ್ಯಾಮೆರಾ ಮಾತನ್ನು ಕೇಳಿಸಿಕೊಂಡಿತು. ಅಲ್ಲಿನ ಸಂಪ್ರದಾಯದ ಜೀವ ಇರುವುದೇ ಯಾರು ಮಾತಾಡಬಹುದು, ಯಾರ ಪರವಾಗಿ, ಯಾವ ವಿನಯದಿಂದ ಎಂಬುದರಲ್ಲಿ. ತಮಸೇಸೆ ಇದನ್ನು ಹಾಡಿ ಹೊಗಳುವುದಿಲ್ಲ. ಅದೇ ಕ್ರಮ ಬಡವನೊಬ್ಬನನ್ನು, ಹೆಣ್ಣೊಬ್ಬಳನ್ನು ಎಷ್ಟು ನೋಯಿಸಬಲ್ಲದು ಎಂಬುದನ್ನೂ ಮುಚ್ಚಿಡದೆ ತೋರಿಸುತ್ತಾರೆ. ಈ ಚಿತ್ರದ ಮೇಲೆ ನನಗಿರುವ ಗೌರವಕ್ಕೆ ಅದೇ ಕಾರಣ.

ಚಿತ್ರದಲ್ಲಿ ‘ಇಫೋಂಗ’ ಬರುತ್ತದೆ, ತಿಳಿದಿದ್ದು ನೋಡಿದರೆ ಒಳ್ಳೆಯದು. ಕೊಲೆ, ಹಲ್ಲೆಯಂಥ ದೊಡ್ಡ ತಪ್ಪು ನಡೆದಾಗ ತಪ್ಪಿತಸ್ಥರ ಕಡೆಯವರು, ಬಹಳ ಸಲ ಮತಾಯ್‌ಯೇ, ನೊಂದವರ ಮನೆ ಮುಂದೆ ಹೋಗಿ ತಲೆಯ ಮೇಲೆ ‘ಇಎ ತೋಂಗ’ ಎಂಬ ನವುರಾದ ಚಾಪೆ ಹೊದ್ದು ಕೂರುತ್ತಾರೆ. ಮಾತಿಲ್ಲ. ಒಳಗಿನವರು ಬಂದು ಚಾಪೆ ಸರಿಸಿ ಒಳಗೆ ಕರೆದರೆ ಕ್ಷಮೆ ಸಿಕ್ಕಿತು. ಅಲ್ಲಿಯವರೆಗೆ ಬಿಸಿಲಾಗಲಿ ಮಳೆಯಾಗಲಿ ಏಳುವಂತಿಲ್ಲ. ಈ ಚಾಪೆಯನ್ನು ಹೆಂಗಸರು ತಿಂಗಳುಗಟ್ಟಲೆ, ಕೆಲವೊಮ್ಮೆ ವರ್ಷಗಟ್ಟಲೆ ಹೆಣೆಯುತ್ತಾರೆ. 2019ರಲ್ಲಿ ಯುನೆಸ್ಕೊ ಅದನ್ನು ಮನುಕುಲದ ಪರಂಪರೆಯ ಪಟ್ಟಿಗೆ ಸೇರಿಸಿತು. 1970ರ ದಶಕದಲ್ಲಿ ನ್ಯೂಜಿಲೆಂಡ್ ಪೊಲೀಸರು ನಸುಕಿನಲ್ಲಿ ಪೆಸಿಫಿಕ್ ವಲಸಿಗರ ಮನೆಗಳಿಗೆ ನುಗ್ಗಿ ಹಿಡಿದೊಯ್ದಿದ್ದಕ್ಕೆ 2021ರ ಆಗಸ್ಟ್‌ನಲ್ಲಿ ನಿಮ್ಮೂರಿನ ಟೌನ್‌ಹಾಲ್‌ನಲ್ಲೇ ಕ್ಷಮೆ ಕೇಳಿದ ಅಂದಿನ ಪ್ರಧಾನಿ ಜೆಸಿಂಡಾ ಆರ್ಡರ್ನ್ ಕೂಡ ಹೀಗೆಯೇ ಚಾಪೆ ಹೊದಿಸಿಕೊಂಡು ಕೂತಿದ್ದರು.

ನಿಮ್ಮ ಸಹೋದ್ಯೋಗಿ ಕಳಿಸುವ ಹಣವೂ ಇದೇ ಬಂಧದ ಇನ್ನೊಂದು ತುದಿ. ‘ಫಾಲವೆಲವೆ’ ಎನ್ನುತ್ತಾರೆ. ಕುಟುಂಬದ ಯಾವ ದೊಡ್ಡ ಕಾರ್ಯಕ್ಕೂ ಎಲ್ಲಿದ್ದರೂ ಪಾಲು ಕೊಡಬೇಕು. ಕೊಡುವಾಗ ಹೆಮ್ಮೆಯೂ ಇರುತ್ತದೆ, ಸಾಲದ ಭಾರವೂ ಇರುತ್ತದೆ. ಅವರು ನಕ್ಕು ಸುಮ್ಮನಾದರೆ ಮತ್ತೆ ಕೆದಕಬೇಡಿ. ಚಿತ್ರ ನೋಡಿದ ಮೇಲೆ ಅದರ ಬಗ್ಗೆ ಕೇಳಿ, ಮಾತು ತಾನಾಗಿ ಬರುತ್ತದೆ.

ಪ್ರಶ್ನೆ: ‘ಹಾಬ್ಸ್ ಆಂಡ್ ಶಾ’ ಚಿತ್ರದ ಕೊನೆಯ ಹೊಡೆದಾಟ ನಡೆಯುವ ಸಮೋವಾದ ಊರಿಗೆ ಪ್ರವಾಸ ಹೋಗಬಹುದೇ?
(ಓದುಗರು, ಮಂಗಳೂರು)

ಉತ್ತರ: ಆ ಭಾಗ ತೆಗೆದದ್ದು ಹವಾಯಿಯ ಕವಾಯಿ ದ್ವೀಪದಲ್ಲಿ. ಅಮೆರಿಕನ್ ಸಮೋವಾದ (ಇದು ಪಕ್ಕದ, ಅಮೆರಿಕಕ್ಕೆ ಸೇರಿದ ಬೇರೆಯೇ ದ್ವೀಪಗಳು) ಫುಟ್ಬಾಲ್ ತಂಡದ ಮೇಲೆ ತೆಗೆದ 2023ರ ‘ನೆಕ್ಸ್ಟ್ ಗೋಲ್ ವಿನ್ಸ್’ ಕೂಡ ಹವಾಯಿಯದೇ. ಅದೇ ಹೆಸರಿನ 2014ರ ಸಾಕ್ಷ್ಯಚಿತ್ರ ಮಾತ್ರ ನಿಜವಾದ ಊರು, ನಿಜವಾದ ಆಟಗಾರರದು, ಅದನ್ನು ನೋಡಿ. ಸಮೋವಾದ ಉಪೋಲು ದ್ವೀಪದ ದಕ್ಷಿಣ ತೀರದಲ್ಲಿ ಲೆಫಾಂಗ ಎಂಬಲ್ಲಿ ಗ್ಯಾರಿ ಕೂಪರ್ ನಟಿಸಿದ 1953ರ ‘ರಿಟರ್ನ್ ಟು ಪ್ಯಾರಡೈಸ್’ ಚಿತ್ರೀಕರಣವಾಗಿತ್ತು, ಅಲ್ಲಿನ ಕಡಲತೀರಕ್ಕೆ ಇಂದಿಗೂ ಆ ಚಿತ್ರದ್ದೇ ಹೆಸರು. ಅಲ್ಲಿಗೆ ಹೋಗಬಹುದು. ಆದರೆ ಅಲ್ಲಿನ ತೀರಗಳು ಸಾಮಾನ್ಯವಾಗಿ ಆಯಾ ಹಳ್ಳಿಗೆ ಸೇರಿದವು. ಇಳಿಯುವ ಮುನ್ನ ಊರಿನವರನ್ನು ಕೇಳಿ, ಅವರು ಹೇಳಿದ ಶುಲ್ಕ ಕೊಡಿ. ಸಂಜೆ ಪ್ರಾರ್ಥನೆಯ ಹೊತ್ತಿಗೆ ಗಂಟೆಯೋ ಶಂಖವೋ ಕೇಳಿಸಿದರೆ ಅದು ಮುಗಿಯುವವರೆಗೆ ದಾರಿಯಲ್ಲಿ ಓಡಾಡಬೇಡಿ.